ಬೆಟ್ಟದ ಬಸ್ಸಲ್ಲಿ ಮೂರು ಓಟು

2024ರ ಏಪ್ರಿಲ್ 25, ಗುರುವಾರ. ಮರುದಿನ ಲೋಕಸಭೆ ಚುನಾವಣೆ, ನನ್ನ ಜೀವನದ ಮೊದಲ ಓಟು. ಮೈಸೂರು ಬಸ್‌ಸ್ಟ್ಯಾಂಡಲ್ಲಿ ಬೆಟ್ಟದ ಬಸ್ಸು ನಿಲ್ಲೋ ಮೊದಲೇ ಕಿಟಕಿಯಿಂದ ಬ್ಯಾಗು, ಟವೆಲ್ಲು, ಒಬ್ಬರ ಹೆಲ್ಮೆಟ್ಟು ಕೂಡ ಒಳಗೆ ಬಿದ್ದವು. ನಾವು ಮೂವರಿಗೆ ಹಿಂದಿನ ಉದ್ದ ಸೀಟಲ್ಲಿ ಜಾಗ ಸಿಕ್ಕಿತು. ಹಾಸ್ಟೆಲಿನ ಪದ್ಧತಿ ಗೊತ್ತಲ್ಲ, ಊರಿನ ಹೆಸರೇ ನಮ್ಮ ಹೆಸರು. ನಾನು 'ಹನೂರು'. ನನ್ನ ರೂಮ್‌ಮೇಟ್ 'ಮಾರ್ಟಳ್ಳಿ'. ಇನ್ನೊಬ್ಬ ಒಡೆಯರಪಾಳ್ಯದ ಟಿಬೆಟನ್ ಕ್ಯಾಂಪಿನವನು, ಅವನು 'ಕ್ಯಾಂಪು'. ನಿಜವಾದ ಹೆಸರು ಬರೆಯಲ್ಲ. ಬರೆದರೆ ಇಬ್ಬರೂ ಕ್ಯಾಂಟೀನಲ್ಲಿ ಟ್ರೀಟ್ ಕೇಳ್ತಾರೆ.

ಟಿ. ನರಸೀಪುರ ದಾಟೋವರೆಗೂ ಇಂಟರ್ನಲ್ಸ್ ಮಾತು. ಆಮೇಲೆ ನಾನೇ ಕೇಳಿದೆ, "ಲೋ ಕ್ಯಾಂಪು, ನಿಂಗೆ ಓಟಿಲ್ವಲ್ಲ, ನೀನ್ಯಾಕ್ ಹೋಗ್ತಿದೀಯಾ?"

"ರಜೆ ಕಣೋ," ಅಂದ. ಆಮೇಲೆ, "ನಂಗೂ ಓಟಿದೆ. ಆದ್ರೆ ನಾಳೆ ಅಲ್ಲ," ಅಂದ. ಅವನ ಕನ್ನಡ ಅಚ್ಚ ಹನೂರು ಕಡೆಯದು, ಬೆಂಗಳೂರಿನ ಹುಡುಗರಿಗಿಂತ ನೂರು ಪಾಲು ಮೇಲು.

ಅವನು ಹೇಳಿದ್ದನ್ನ ಕೇಳಿ ನಾನು ಮೊದಲು ನಂಬಲಿಲ್ಲ. ಆಮೇಲೆ ಹುಡುಕಿ ಓದಿದೆ, ನಿಜ. ದೇಶ ಬಿಟ್ಟು ಬಂದ ಟಿಬೆಟಿಯನ್ನರಿಗೆ ಧರ್ಮಶಾಲೆಯಲ್ಲಿ ಒಂದು ಸಂಸತ್ತು ಇದೆ. ಒಟ್ಟು 45 ಸೀಟು. ಟಿಬೆಟಿನ ಮೂರು ಹಳೇ ಪ್ರಾಂತಗಳಾದ ಉ-ತ್ಸಾಂಗ್, ಖಾಮ್, ಆಮ್ದೊಗಳಿಗೆ ತಲಾ 10. ಯುರೋಪಿಗೆ 2, ಉತ್ತರ ಅಮೆರಿಕಕ್ಕೆ 2, ಆಸ್ಟ್ರೇಲಿಯಾ ಮತ್ತು ಉಳಿದ ಏಷ್ಯಾ ಕಡೆಗೆ 1. ಇಷ್ಟಾದರೆ 35. ಬಾಕಿ 10 ಸೀಟು ಧರ್ಮದ ಲೆಕ್ಕದ್ದು. ಬೌದ್ಧ ಧರ್ಮದ ನಾಲ್ಕು ಪರಂಪರೆಗಳಾದ ಞಿಂಗ್ಮಾ, ಕಗ್ಯು, ಸಾಕ್ಯ, ಗೆಲುಗ್‌ಗಳಿಗೆ ತಲಾ 2, ಬೌದ್ಧ ಧರ್ಮಕ್ಕಿಂತ ಹಿಂದಿನಿಂದ ಬಂದ ಬೋನ್ ಪಂಥಕ್ಕೆ 2.

"ಆ ಹತ್ತಕ್ಕೆ ನಾವು ಓಟು ಹಾಕೋ ಹಾಗಿಲ್ಲ," ಅಂದ ಕ್ಯಾಂಪು. "ಸನ್ಯಾಸಿಗಳು ಮಾತ್ರ ಹಾಕೋದು. ನಮ್ ಮಾವ ಮಠದಲ್ಲಿದಾರೆ. ಅವರಿಗೆ ಎರಡು ಓಟು. ಒಂದು ಪ್ರಾಂತದ್ದು, ಒಂದು ಪರಂಪರೆದು."

"ಎರಡಾ? ಒಬ್ಬರಿಗೇ?" ಅಂತ ಮಾರ್ಟಳ್ಳಿ ಎದ್ದು ಕೂತ. ಅಲ್ಲಿವರೆಗೂ ನಿದ್ದೆ ಹೊಡೀತಿದ್ದ.

ಇಲ್ಲಿ ಒಂದು ವಿಷಯ ಹೇಳಿಬಿಡ್ತೀನಿ. ಒಡೆಯರಪಾಳ್ಯದ ಕ್ಯಾಂಪು ಶುರುವಾಗಿದ್ದು 1970ರ ದಶಕದಲ್ಲಿ. ಅಲ್ಲಿನ ಹಳ್ಳಿಗಳಿಗೆ ಇಂಗ್ಲಿಷ್ ಅಕ್ಷರಗಳೇ ಹೆಸರು. ಕಾಡಿನ ಅಂಚು, ಮಳೆ ನಂಬಿದ ಮುಸುಕಿನ ಜೋಳ, ಆನೆ ಕಾಟ. ನಮ್ಮ ಕಡೆ ಹಳ್ಳಿಗೂ ಅದಕ್ಕೂ ವ್ಯತ್ಯಾಸ ಅಂದರೆ ಮನೆ ಮೇಲೆ ಹಾರೋ ಬಣ್ಣದ ಬಾವುಟ ಅಷ್ಟೇ. ನಾವು ಸಣ್ಣವರಿದ್ದಾಗ ಅಪ್ಪ ಅಮ್ಮ ಜೊತೆ ಭಾನುವಾರ ಅಲ್ಲಿಗೆ ಹೋಗಿ ಮಠ ನೋಡಿ, ಮೊಮೊ ತಿಂದು ಬರೋದು. ಅಲ್ಲೊಂದು ಬೇರೆಯೇ ಸಂಸತ್ತಿನ ಮತಗಟ್ಟೆ ನಡೆಯುತ್ತೆ ಅನ್ನೋದು ಗೊತ್ತೇ ಇರಲಿಲ್ಲ. ಹನೂರು ತಾಲ್ಲೂಕಿನ ಜೋಳದ ಹೊಲದ ಮಧ್ಯೆ ಕೂತು, ಕಣ್ಣಲ್ಲಿ ನೋಡದ ಖಾಮ್ ಪ್ರಾಂತಕ್ಕೆ ಹತ್ತು ಜನ ಪ್ರತಿನಿಧಿಗಳನ್ನ ಆರಿಸೋದು! ಕ್ಯಾಂಪು ಹುಟ್ಟಿದ್ದು ಕೊಳ್ಳೇಗಾಲದಲ್ಲಿ. ಅವನ ಪ್ರಾಂತ ಖಾಮ್, ಯಾಕೆಂದರೆ ಅವನ ತಾತ ಅಲ್ಲಿಯವರು.

1960ರ ಸೆಪ್ಟೆಂಬರ್ 2ಕ್ಕೆ ಮೊದಲ ಸಭೆ ಪ್ರಮಾಣ ತಗೊಂಡಾಗ ಇದ್ದದ್ದು 13 ಜನ. ಆಗಲೇ ಪ್ರಾಂತಕ್ಕೆ ಮೂರು, ಪರಂಪರೆಗೊಂದು ಅಂತ ಹಂಚಿದ್ದರು. ಬೋನ್‌ನವರಿಗೆ ಸೀಟು ಸಿಕ್ಕಿದ್ದು ಆಮೇಲೆ, 1977ರಲ್ಲಿ. ನಾನು ಲೆಕ್ಕ ಹಾಕಿ ನೋಡಿದೆ. ಗೆಲುಗ್ ಪರಂಪರೆ ದೊಡ್ಡದು. ಮುಂಡಗೋಡದ ಗಾಂದೆನ್, ದ್ರೆಪುಂಗ್, ಬೈಲಕುಪ್ಪೆಯ ಸೆರಾ ಎಲ್ಲ ಅವರದೇ ಮಠಗಳು, ಸಾವಿರಾರು ಸನ್ಯಾಸಿಗಳು. ಆದರೂ ಅವರಿಗೂ 2, ಸಣ್ಣ ಬೋನ್‌ಗೂ 2. ಸಾಕ್ಯದವರ ಒಂದು ಓಟಿಗೆ ಗೆಲುಗ್‌ನವರ ಒಂದು ಓಟಿಗಿಂತ ತೂಕ ಜಾಸ್ತಿ. ನಮ್ಮ ಕಣ್ಣಿಗೆ ಇದು ನಾರ್ಮಲೈಸೇಶನ್ ತಪ್ಪಿದ ಹಾಗೆ ಕಾಣುತ್ತೆ. ಆದರೆ ಲಾಸಾದ ಹಳೇ ಸರ್ಕಾರ ಗೆಲುಗ್ ಪರಂಪರೆಯ ದಲೈ ಲಾಮಾ ಕೈಲಿತ್ತು ಅನ್ನೋದನ್ನ ನೆನಪಿಟ್ಟುಕೊಂಡು ನೋಡಿ. ಊರು ಬಿಟ್ಟು ಬಂದವರಲ್ಲಿ ಸಣ್ಣ ಪರಂಪರೆಯವರಿಗೆ 'ಇಲ್ಲೂ ನಾವು ಲೆಕ್ಕಕ್ಕಿಲ್ವಾ' ಅನ್ನಿಸಬಾರದು ಅಂದರೆ ಇನ್ನೇನು ಮಾಡಬೇಕಿತ್ತು? ಸನ್ಯಾಸಿಗೆ ಎರಡು ಓಟು ಯಾಕೆ ಅನ್ನೋದು ನಂಗೆ ಈಗಲೂ ಒಪ್ಪಿಗೆಯಿಲ್ಲ. ಕ್ಯಾಂಪಿಗೂ ಒಪ್ಪಿಗೆಯಿಲ್ಲ. ಅವರ ಮಾವನ ಎದುರಿಗೆ ಹೇಳಲ್ಲ ಅಷ್ಟೇ.

ಹಾಗಾದ್ರೆ ನಮ್ಮ ಓಟು ಅವನಿಗೆ ಯಾಕಿಲ್ಲ? ಅದೂ ಗಂಟು. 1950ರ ಜನವರಿ 26ರಿಂದ 1987ರ ಜುಲೈ 1ರ ಒಳಗೆ ಭಾರತದಲ್ಲಿ ಹುಟ್ಟಿದ ಟಿಬೆಟಿಯನ್ನರು ಹುಟ್ಟಿನಿಂದಲೇ ಪ್ರಜೆಗಳು ಅಂತ ಕರ್ನಾಟಕ ಹೈಕೋರ್ಟ್ 2013ರಲ್ಲಿ ಹೇಳಿತು. 2014ರಲ್ಲಿ ಚುನಾವಣಾ ಆಯೋಗ ಅವರ ಹೆಸರು ಪಟ್ಟಿಗೆ ಸೇರಿಸಿ ಅಂತ ಹೇಳಿತು. ಕ್ಯಾಂಪಿನ ಅಮ್ಮ ಆ ಲೆಕ್ಕದಲ್ಲಿ ಬರ್ತಾರಂತೆ, ಆದರೆ ಅರ್ಜಿ ಹಾಕಿಲ್ಲ. "ಹಾಕಿದ್ರೆ ವಾಪಸ್ ಹೋಗಲ್ಲ ಅಂತ ಒಪ್ಪಿಕೊಂಡ ಹಾಗಾಗುತ್ತೆ ಅಂತಾರೆ ಅಮ್ಮ," ಅಂದ. ಬಸ್ಸಲ್ಲಿ ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ.

ಕೊಳ್ಳೇಗಾಲದಲ್ಲಿ ಬಸ್ಸು ಹದಿನೈದು ನಿಮಿಷ ನಿಂತಿತು. ಟೀ ಕುಡೀತಾ ನಾನು ಭಾಷಣ ಶುರು ಮಾಡಿದೆ. ಧರ್ಮದ ಲೆಕ್ಕದಲ್ಲಿ ಸೀಟು ಹಂಚೋದೇ ತಪ್ಪು, ನಮ್ಮ ದೇಶದಲ್ಲಿ ಅದಿಲ್ಲ, ಅದಕ್ಕೇ ನಾವು ಉಳಿದ್ವಿ, ಹೀಗೆ. ಲೆಬನಾನ್ ಉದಾಹರಣೆ ಬೇರೆ ಕೊಟ್ಟೆ. ಅಲ್ಲಿ 128 ಸೀಟಲ್ಲಿ 64 ಕ್ರೈಸ್ತರಿಗೆ, 64 ಮುಸ್ಲಿಮರಿಗೆ, ಅದರೊಳಗೆ ಮತ್ತೆ ಪಂಗಡವಾರು ಪಾಲು. ಅಧ್ಯಕ್ಷ ಮಾರೊನೈಟ್ ಕ್ರೈಸ್ತ, ಪ್ರಧಾನಿ ಸುನ್ನಿ, ಸ್ಪೀಕರ್ ಶಿಯಾ ಆಗಿರಬೇಕು. ಜನಗಣತಿ ಮಾಡಿದರೆ ಈ ಪಾಲು ಏರುಪೇರಾಗುತ್ತೆ ಅಂತ 1932ರ ಮೇಲೆ ಪೂರ್ತಿ ಜನಗಣತಿಯನ್ನೇ ಮಾಡಿಲ್ಲ. ಇನ್‌ಪುಟ್ ನೋಡೋಕೇ ಹೆದರುವ ಪ್ರೋಗ್ರಾಮ್ ಅದು. ಒಂದು ಮಾತು ಮಾತ್ರ ಹೇಳಬೇಕು. ಅಲ್ಲಿ ಒಂದು ಕ್ಷೇತ್ರದ ಮತದಾರರೆಲ್ಲ, ಯಾವ ಧರ್ಮದವರಾದರೂ, ಆ ಕ್ಷೇತ್ರದ ಎಲ್ಲ ಸೀಟುಗಳ ಮೇಲೂ ಓಟು ಹಾಕ್ತಾರೆ. ಸೀಟು ಬೇರೆ, ಮತಪಟ್ಟಿ ಒಂದೇ. ಈ ವ್ಯತ್ಯಾಸ ಎಷ್ಟು ದೊಡ್ಡದು ಅಂತ ನಂಗೆ ಅವತ್ತು ರಾತ್ರಿ ತಾತ ಹೇಳಿದ ಮೇಲೆ ಗೊತ್ತಾಯ್ತು. ಅದಕ್ಕೆ ಆಮೇಲೆ ಬರ್ತೀನಿ.

ಮೊದಲು ನಾನು ಮಾಡಿದ ಹಲ್ಕಾ ಕೆಲಸ.

ಕೊಳ್ಳೇಗಾಲ ಬಿಟ್ಟ ಮೇಲೆ ಮಾರ್ಟಳ್ಳಿ ಅವರ ಊರಿನ ಪಂಚಾಯಿತಿ ಕಥೆ ಹೇಳ್ದ. ಅವನ ಊರು ಮಾರ್ಟಳ್ಳಿಯಲ್ಲ, ಅದರ ಆಚೆಗೊಂದು ಸಣ್ಣ ಊರು. ಮನೇಲಿ ತಮಿಳು, ಭಾನುವಾರ ಪೂಜೆಗೆ ಚರ್ಚು. ಅವನ ಮುತ್ತಾತ ಕ್ರೈಸ್ತರಾದರು, ಮುತ್ತಾತನ ಅಣ್ಣ ಆಗಲಿಲ್ಲ. ಎರಡೂ ಕವಲಿನ ಮನೆಗಳು ಈಗಲೂ ಒಂದೇ ಗೋಡೆಗೆ ಅಂಟಿಕೊಂಡಿವೆ. ಒಂದು ಕಡೆ ಮಾರಮ್ಮನ ಫೋಟೊ, ಇನ್ನೊಂದು ಕಡೆ ಮಾತೆ ಮೇರಿ. ಹಬ್ಬದ ಅಡಿಗೆ ಎರಡೂ ಕಡೆ ಹೋಗುತ್ತೆ, ಹೆಣ ಎತ್ತುವಾಗ ಎರಡೂ ಮನೆಯವರೂ ಹೆಗಲು ಕೊಡ್ತಾರೆ. ಊರಿನವರು ಟೀ ಲೋಟ ಬೇರೆ ಇಡೋ ಕಾಲದಲ್ಲಿ ಇಬ್ಬರಿಗೂ ಬೇರೆ ಇಟ್ಟವರೇ. ಆಗ ಯಾರೂ 'ನೀನು ಚರ್ಚಿಗೆ ಹೋಗ್ತೀಯಾ, ಬಾ, ಸ್ಟೀಲ್ ಲೋಟ ತಗೋ' ಅನ್ನಲಿಲ್ಲ.

2020ರ ಡಿಸೆಂಬರಲ್ಲಿ ಗ್ರಾಮ ಪಂಚಾಯಿತಿ ಚುನಾವಣೆ. ಅವರ ಕಡೆ ಸೀಟು ಪರಿಶಿಷ್ಟ ಜಾತಿಗೆ ಮೀಸಲಾಯ್ತು. ಓಡಾಡೋರು, ನೀರಿನ ಪೈಪಿಗೆ ತಾಲ್ಲೂಕು ಆಫೀಸಿನ ಮೆಟ್ಟಿಲು ಹತ್ತೋರು, ಪಿಂಚಣಿ ಅರ್ಜಿ ಬರೆದುಕೊಡೋರು ಎಲ್ಲ ಮಾರ್ಟಳ್ಳಿಯ ಅಪ್ಪ. ಆದರೆ ನಿಂತದ್ದು ಗೋಡೆ ಆಚೆಯ ಪೆರಿಯಪ್ಪ, ಅಂದರೆ ದೊಡ್ಡಪ್ಪ. ಯಾಕೆಂದರೆ 1950ರ ಪರಿಶಿಷ್ಟ ಜಾತಿಗಳ ಆದೇಶದ 3ನೇ ಪ್ಯಾರಾ. ಹಿಂದೂ ಅಲ್ಲದವರು ಪರಿಶಿಷ್ಟ ಜಾತಿ ಅನ್ನಿಸಿಕೊಳ್ಳೋ ಹಾಗಿಲ್ಲ ಅಂತ ಮೊದಲು ಇತ್ತು. 1956ರಲ್ಲಿ ಸಿಖ್ಖರನ್ನ ಸೇರಿಸಿದರು, 1990ರಲ್ಲಿ ಬೌದ್ಧರನ್ನ. ಕ್ರೈಸ್ತರು, ಮುಸ್ಲಿಮರು ಈಗಲೂ ಹೊರಗೆ. ಮಾರ್ಟಳ್ಳಿಯ ಅಪ್ಪ ಮನೆ ಮನೆಗೆ ಹೋಗಿ ಅಣ್ಣನಿಗೆ ಓಟು ಕೇಳಿದರು. ಅಣ್ಣ ಗೆದ್ದರು. "ಸಹಿ ಪೆರಿಯಪ್ಪಂದು, ಕೆಲಸ ಅಪ್ಪಂದು," ಅಂತ ನಗಾಡ್ತಾ ಹೇಳ್ದ.

ನಾನು ಅಂದೆ, "ಅದಕ್ಕೇನ್ ಮಗಾ, ಒಂದು ಅಫಿಡವಿಟ್ ಹಾಕಿ ಈ ಕಡೆ ವಾಪಸ್ ಬಂದ್ಬಿಡಿ. ಸೀಟೂ ಸಿಗುತ್ತೆ, ನೀನು ಪ್ಲೇಸ್‌ಮೆಂಟಿಗೆ ತಲೆ ಕೆಡಿಸ್ಕೊಳೋದೂ ತಪ್ಪುತ್ತೆ."

ತಮಾಷೆಗೇ ಅಂದಿದ್ದು. ಅವನು ಕಿಟಕಿ ಕಡೆ ತಿರುಗಿದ. ಹನೂರಲ್ಲಿ ನಾನು ಇಳಿದಾಗ ಬ್ಯಾಗ್ ಕೊಟ್ಟ, ಮುಖ ನೋಡಲಿಲ್ಲ. ಕ್ಯಾಂಪು ಲೊಕ್ಕನಹಳ್ಳಿ ಕಡೆ ಬಸ್ಸಿಗೆ ಓಡುವಾಗ ನನ್ನ ಬೆನ್ನಿಗೊಂದು ಗುದ್ದಿ, "ನಿಂಗೆ ಬುದ್ಧಿ ಯಾವಾಗ ಬರುತ್ತೋ," ಅಂದ.

ರಾತ್ರಿ ಜಗಲಿ ಮೇಲೆ ತಾತನ ಪಕ್ಕ ಕೂತಿದ್ದೆ. ತಾತನಿಗೆ 84. ಚುನಾವಣೆ ಅಂದರೆ ಹುರುಪು. ಒಂದು ಓಟಿಗೂ ಬೆಲೆ ಇದೆ ಅಂತ ಸಂತೇಮರಹಳ್ಳಿ ಕಥೆಯನ್ನ ನೂರನೇ ಸಲ ಹೇಳಿದರು. 2004ರಲ್ಲಿ ಅಲ್ಲಿ ಧ್ರುವನಾರಾಯಣ ಅವರಿಗೆ 40,752, ಎ.ಆರ್. ಕೃಷ್ಣಮೂರ್ತಿ ಅವರಿಗೆ 40,751. ಒಂದೇ ಓಟು. ಆ ಕ್ಷೇತ್ರ ಈಗಿಲ್ಲ, 2008ರ ಮರುವಿಂಗಡಣೆಯಲ್ಲಿ ಹೋಯ್ತು. ಯಳಂದೂರು ಈಗ ಕೊಳ್ಳೇಗಾಲ ಕ್ಷೇತ್ರದಲ್ಲಿದೆ, ಕೃಷ್ಣಮೂರ್ತಿ ಅವರು 2023ರಲ್ಲಿ ಅಲ್ಲಿಂದ ಗೆದ್ದರು. ಹತ್ತೊಂಬತ್ತು ವರ್ಷ ಆ ಒಂದು ಓಟಿನ ನೆನಪು ಹೊತ್ತು ತಿರುಗಿದವರ ಕಥೆಯನ್ನ ಯಾರಾದರೂ ಬರೀಬೇಕು.

ನಾನು ಬಸ್ಸಿನ ಮಾತು ಹೇಳಿದೆ. ಧರ್ಮಕ್ಕೊಂದು ಪಟ್ಟಿ, ಎರಡು ಓಟು ಅಂತ. ತಾತನಿಗೆ ಆಶ್ಚರ್ಯವೇ ಆಗಲಿಲ್ಲ.

"ನಮ್ಮಲ್ಲೂ ಇತ್ತು ಕನಪ್ಪಾ. ನಮ್ದು ಕೊಯಮತ್ತೂರು ಜಿಲ್ಲೆ. ನಮ್ಮಪ್ಪಂದು ಒಂದು ಪಟ್ಟಿ, ಸಾಬ್ರುದು ಒಂದು ಪಟ್ಟಿ, ಕಿರಸ್ತಾನ್ರುದು ಮತ್ತೊಂದು. ನಮ್ಮಪ್ಪ ಕಂದಾಯ ಕಟ್ಟೋರು, ಅದ್ಕೇ ಓಟು. ಗೇದು ತಿನ್ನೋರಿಗೆ ಎಲ್ಲಿತ್ತು? ಕಾಂಗ್ರೆಸ್ಸುದು ಹಳದಿ ಪೆಟ್ಟಿಗೆ."

ಇದು ನಮ್ಮಲ್ಲಿ ಬಹಳ ಜನಕ್ಕೆ ಗೊತ್ತಿರಲ್ಲ. 1956ರ ನವೆಂಬರ್ 1ರವರೆಗೂ ಕೊಳ್ಳೇಗಾಲ ತಾಲ್ಲೂಕು, ಅಂದರೆ ಈಗಿನ ಹನೂರು, ಬೆಟ್ಟ ಎಲ್ಲ ಸೇರಿ, ಕೊಯಮತ್ತೂರು ಜಿಲ್ಲೆಯಲ್ಲಿತ್ತು, ಮದ್ರಾಸ್ ಪ್ರಾಂತ. ಅರ್ಧ ಗಂಟೆ ದಾರಿಯ ಯಳಂದೂರು ಮಾತ್ರ ಮೈಸೂರು ಸಂಸ್ಥಾನ, ದಿವಾನ್ ಪೂರ್ಣಯ್ಯನವರ ವಂಶದ ಜಹಗೀರು. ಯಳಂದೂರಿನವರಿಗೆ ಮೈಸೂರಿನ ಪ್ರಜಾಪ್ರತಿನಿಧಿ ಸಭೆ, ನಮಗೆ ಮದ್ರಾಸಿನ ಕೌನ್ಸಿಲ್ಲು. ಹೆಣ್ಣು ಕೊಟ್ಟು ತಂದು ಮಾಡುವ ಊರುಗಳು, ಓಟು ಮಾತ್ರ ಎರಡು ಲೋಕದ್ದು.

1909ರ ಕಾಯ್ದೆಯಲ್ಲಿ ಬ್ರಿಟಿಷರು ಮುಸ್ಲಿಮರಿಗೆ ಪ್ರತ್ಯೇಕ ಮತಕ್ಷೇತ್ರ ಕೊಟ್ಟರು. 1919ರ ಕಾಯ್ದೆ ಆದಮೇಲೆ ಮದ್ರಾಸ್ ಕೌನ್ಸಿಲ್ಲಿನಲ್ಲಿ ಮುಸ್ಲಿಮರಿಗೆ 13, ಭಾರತೀಯ ಕ್ರೈಸ್ತರಿಗೆ 5. ಸಾಮಾನ್ಯ ಸೀಟುಗಳಲ್ಲೂ 28 ಸೀಟು ಬ್ರಾಹ್ಮಣೇತರರಿಗೆ ಅಂತ ಕಾದಿಟ್ಟಿದ್ದರು, ಅದು ಮದ್ರಾಸಿನ ಸ್ಪೆಷಲ್. 1935ರ ಕಾಯ್ದೆಯ ಪ್ರಕಾರ 1937ರಲ್ಲಿ ಚುನಾವಣೆ ನಡೆದಾಗ 215 ಸೀಟಿನ ಅಸೆಂಬ್ಲಿ. ಮುಸ್ಲಿಮರಿಗೆ 28, ಭಾರತೀಯ ಕ್ರೈಸ್ತರಿಗೆ 8, ಜೊತೆಗೆ ಪರಿಶಿಷ್ಟ ಜಾತಿಗಳಿಗೆ 30. ಮೊದಲೆರಡಕ್ಕೂ ಕೊನೆಯದಕ್ಕೂ ಇರೋ ವ್ಯತ್ಯಾಸ ನೋಡಿ. ಮುಸ್ಲಿಂ ಸೀಟಿಗೆ ಮುಸ್ಲಿಮರೇ ಓಟು ಹಾಕಬೇಕು. ಕ್ರೈಸ್ತ ಸೀಟಿಗೆ ಕ್ರೈಸ್ತರೇ. ಇಡೀ ಪ್ರಾಂತಕ್ಕೆ ಎಂಟೇ ಸೀಟು ಅಂದಮೇಲೆ ಒಂದೊಂದು ಕ್ರೈಸ್ತ ಕ್ಷೇತ್ರ ಹಲವು ಜಿಲ್ಲೆ ಅಗಲ. ಬೆಟ್ಟದ ಬುಡದ ಕ್ರೈಸ್ತ ರೈತ ತನ್ನ ಪ್ರತಿನಿಧಿಯ ಮುಖ ನೋಡಿರೋದು ಕಷ್ಟ. ಪಕ್ಕದ ಹೊಲದವನ ಪ್ರತಿನಿಧಿ ಹತ್ತಿರದಲ್ಲೇ ಇದ್ದರೂ ಇವನ ಓಟು ಆತನಿಗೆ ಬೇಕಿಲ್ಲ.

ಪರಿಶಿಷ್ಟ ಜಾತಿಗಳಿಗೂ ಹೀಗೇ ಬೇರೆ ಮತಕ್ಷೇತ್ರ ಅಂತ 1932ರ ಆಗಸ್ಟಲ್ಲಿ ಬ್ರಿಟನ್ನಿನ ಪ್ರಧಾನಿ ಮ್ಯಾಕ್‌ಡೊನಾಲ್ಡ್ ತೀರ್ಪು ಕೊಟ್ಟಿದ್ದು, ಗಾಂಧಿ ಯರವಡಾ ಜೈಲಲ್ಲಿ ಉಪವಾಸ ಕೂತಿದ್ದು, ಅಂಬೇಡ್ಕರ್ ಒತ್ತಡದಲ್ಲಿ ಸೆಪ್ಟೆಂಬರ್ 24ಕ್ಕೆ ಪೂನಾ ಒಪ್ಪಂದಕ್ಕೆ ಸಹಿ ಹಾಕಿದ್ದು ಎಲ್ಲ ಪಿಯುಸಿಯಲ್ಲಿ ಓದಿದ್ದೀವಿ. ಓದದೇ ಬಿಟ್ಟದ್ದು ಒಂದಿದೆ. ಆ ಒಪ್ಪಂದದಲ್ಲಿ ಎರಡು ಹಂತ ಇತ್ತು. ಮೊದಲು ದಲಿತ ಮತದಾರರು ಮಾತ್ರ ಓಟು ಹಾಕಿ ನಾಲ್ಕು ಜನರನ್ನ ಆರಿಸೋದು, ಆಮೇಲೆ ಆ ನಾಲ್ವರಲ್ಲಿ ಒಬ್ಬರನ್ನ ಎಲ್ಲರೂ ಸೇರಿ ಆರಿಸೋದು. ನಂಗೆ ಇದು ಬಹಳ ಬುದ್ಧಿವಂತ ಡಿಸೈನ್ ಅನ್ನಿಸುತ್ತೆ. ಫಿಲ್ಟರ್ ಸಮುದಾಯದ ಕೈಲಿ, ಕೊನೆಯ ಆಯ್ಕೆ ಊರಿನ ಕೈಲಿ. ಸಂವಿಧಾನ ಬಂದಾಗ ಮೊದಲ ಹಂತ ಹೋಯ್ತು. ಈಗ ಕೊಳ್ಳೇಗಾಲ ಮೀಸಲು ಕ್ಷೇತ್ರ, ಚಾಮರಾಜನಗರ ಲೋಕಸಭೆಯೂ ಮೀಸಲು. ನಿಲ್ಲೋರು ಪರಿಶಿಷ್ಟ ಜಾತಿಯವರು, ಗೆಲ್ಲಿಸೋರು ಎಲ್ಲರೂ. 2018ರಲ್ಲಿ ಕೊಳ್ಳೇಗಾಲದಲ್ಲಿ ಬಿಎಸ್‌ಪಿಯ ಎನ್. ಮಹೇಶ್ ಗೆದ್ದು ಮಂತ್ರಿಯೂ ಆದಾಗ ನಮ್ಮೂರ ಹೋಟೆಲಲ್ಲಿ ಕೆಲವರಿಗೆ ಆದ ಸಂಕಟ ನಾನು ಹುಡುಗನಾಗಿದ್ದಾಗ ನೋಡಿದ್ದೀನಿ. 'ಸೀಟು ಅವರದೇ, ಆದ್ರೆ ಇವನು ನಾವು ಹೇಳಿದ ಹಾಗೆ ಕೇಳಲ್ವಲ್ಲ' ಅನ್ನೋ ಸಂಕಟ. ಹೋಟೆಲಲ್ಲಿ ಹಾಗೆ ಕೂತವರಲ್ಲಿ ನಮ್ಮ ಮನೆಯವರೂ ಇದ್ದರು. ನಾವು ಲಿಂಗಾಯತರು, ಅದನ್ನ ಮುಚ್ಚಿಟ್ಟು ಈ ಲೇಖನ ಬರೆಯೋಕಾಗಲ್ಲ.

ಧರ್ಮದ ಸೀಟು ಹೋದ ಬಗೆಯೂ ಗೊತ್ತಿರಬೇಕು. 1947ರ ಆಗಸ್ಟಲ್ಲಿ ಸಂವಿಧಾನ ಸಭೆ ಪ್ರತ್ಯೇಕ ಮತಕ್ಷೇತ್ರ ತೆಗೆದುಹಾಕಿತು, ಆದರೆ ಅಲ್ಪಸಂಖ್ಯಾತರಿಗೆ ಮೀಸಲು ಸೀಟು ಇಟ್ಟಿತ್ತು. ಆಗ ಪ್ರತ್ಯೇಕ ಮತಕ್ಷೇತ್ರ ಉಳಿಸಿ ಅಂತ ತಿದ್ದುಪಡಿ ತಂದವರು ನಮ್ಮದೇ ಮದ್ರಾಸ್ ಪ್ರಾಂತದ ಬಿ. ಪೋಕರ್ ಸಾಹೇಬ್. 1949ರ ಮೇ ತಿಂಗಳಲ್ಲಿ ಸರ್ದಾರ್ ಪಟೇಲರ ಸಮಿತಿಯ ಸಲಹೆಯಂತೆ ಧರ್ಮದ ಆಧಾರದ ಮೀಸಲು ಸೀಟೂ ಹೋಯ್ತು. ಸಭೆಯ ಉಪಾಧ್ಯಕ್ಷ ಎಚ್.ಸಿ. ಮುಖರ್ಜಿ, ಬಂಗಾಳದ ಕ್ರೈಸ್ತರು, 'ನಮಗೆ ಬೇಡ' ಅಂದರು. ಬೇಗಂ ಐಜಾಜ್ ರಸೂಲ್ ಕೂಡ ಹಾಗೇ ಹೇಳಿದರು. ಎಲ್ಲರೂ ಎಲ್ಲರ ಓಟು ಕೇಳುವ ಹಾಗಾದರೆ ಯಾರೂ ಯಾರನ್ನೂ ಬಿಡೋಕಾಗಲ್ಲ ಅನ್ನೋದು ಅವರ ನಂಬಿಕೆ. ದೇಶ ಒಡೆದ ಗಾಯ ಹಸಿಯಾಗಿತ್ತು. ಅವತ್ತು ಆ ಸಭೇಲಿ ನಾನಿದ್ದಿದ್ದರೂ ಕೈ ಎತ್ತುತ್ತಿದ್ದೆ.

ಆ ನಂಬಿಕೆ ಎಷ್ಟು ಫಲ ಕೊಟ್ಟಿತು? ಕರ್ನಾಟಕದ 224 ಶಾಸಕರಲ್ಲಿ 2023ರಲ್ಲಿ ಗೆದ್ದ ಮುಸ್ಲಿಮರು 9. 2011ರ ಜನಗಣತಿಯ ಪ್ರಕಾರ ರಾಜ್ಯದಲ್ಲಿ ಅವರು ಸುಮಾರು 13 ಪರ್ಸೆಂಟ್. ಅನುಪಾತ ಹಾಕಿದರೆ 29 ಬರುತ್ತೆ. ಒಂದು ಕ್ಷೇತ್ರದಲ್ಲಿ ಅತಿ ಹೆಚ್ಚು ಓಟು ಬಂದವನೇ ಗೆಲ್ಲೋ ನಮ್ಮ ಪದ್ಧತಿಯಲ್ಲಿ, ಎಲ್ಲ ಕಡೆ ಸ್ವಲ್ಪ ಸ್ವಲ್ಪ ಹರಡಿರೋ ಸಮುದಾಯಕ್ಕೆ ಸೀಟು ದಕ್ಕೋದು ಕಷ್ಟ. ಧರ್ಮದ್ದೇ ಆಗಬೇಕಿಲ್ಲ, ನಮ್ಮ ಜಿಲ್ಲೆಯ ಸೋಲಿಗರನ್ನೇ ನೋಡಿ. ಪರಿಶಿಷ್ಟ ಪಂಗಡ, ಕಾಡಿನ ಮೂಲ ಜನ. ಜಿಲ್ಲೆಯ ನಾಲ್ಕು ವಿಧಾನಸಭೆ ಸೀಟಲ್ಲಿ ಒಂದೂ ಅವರಿಗೆ ಮೀಸಲಿಲ್ಲ.

ಮರುದಿನ ಬೆಳಿಗ್ಗೆ ಏಳಕ್ಕೇ ಹೋಗಿ ಓಟು ಹಾಕಿ, ಬೆರಳಿನ ಫೋಟೊ ಸ್ಟೇಟಸ್‌ಗೆ ಹಾಕಿದೆ. ಮಧ್ಯಾಹ್ನ ಬೆಟ್ಟದ ಕಡೆಯಿಂದ ವಿಡಿಯೋ ಬರೋಕೆ ಶುರುವಾಯ್ತು. ಇಂಡಿಗನತ್ತದಲ್ಲಿ ಮತಗಟ್ಟೆ ಪುಡಿಪುಡಿ, ಮತಯಂತ್ರ ನೆಲದ ಮೇಲೆ. ರಸ್ತೆ ಇಲ್ಲ, ನೀರಿಲ್ಲ, ಕರೆಂಟಿಲ್ಲ ಅಂತ ಇಂಡಿಗನತ್ತದವರು ಮತದಾನ ಬಹಿಷ್ಕರಿಸಿದ್ದರು. ಪಕ್ಕದ ಮೆಂದಾರೆಯ ಸೋಲಿಗರು ಓಟು ಹಾಕೋಕೆ ಬಂದಾಗ ಗಲಾಟೆ. 29ಕ್ಕೆ ಮರುಮತದಾನ ಆಯ್ತು. 528 ಮತದಾರರಲ್ಲಿ 71 ಜನ ಹಾಕಿದರು.

ಇಂಡಿಗನತ್ತದವರು ಯಾರು ಗೊತ್ತಾ? ಬೇಡಗಂಪಣರು. ಬೆಟ್ಟದ ಮಾದಪ್ಪನ ಪೂಜೆ ಅವರದು, ತಲೆತಲಾಂತರದಿಂದ ಸರದಿಯಂತೆ. ದೀಪಾವಳಿಯ ಹಾಲರವೆ ಉತ್ಸವಕ್ಕೆ ಕಾಡಿನ ಹಳ್ಳದಿಂದ ಬಿಂದಿಗೆಯಲ್ಲಿ ನೀರು ತರೋ 101 ಹೆಣ್ಣುಮಕ್ಕಳೂ ಅವರ ಮನೆಯವರೇ. ಬೆಟ್ಟದಲ್ಲಿ ಪಾಲು ಹಂಚಿಕೆ ಯಾವತ್ತೋ ಆಗಿದೆ. ಗುಡಿ ಕಟ್ಟಿಸಿದ ಕೀರ್ತಿ ಆಲಂಬಾಡಿ ಜುಂಜೇಗೌಡನಿಗೆ, ಕಥೆಯಲ್ಲಿ ಕಣ್ಣೀರಿನ ಪಾಲು ಸೋಲಿಗರ ಸಂಕಮ್ಮನಿಗೆ, ಹಾಡೋ ಪಾಲು ಕಂಸಾಳೆಯ ದೇವರಗುಡ್ಡರಿಗೆ, ಪೂಜೆ ಬೇಡಗಂಪಣರಿಗೆ. ನಮ್ಮಂಥವರಿಗೆ ಪರಿಸೆ, ಉಘೇ ಅನ್ನೋದು. ಇದಕ್ಕೆ ಚುನಾವಣೆಯಿಲ್ಲ, ಐದು ವರ್ಷಕ್ಕೊಮ್ಮೆ ಬದಲಾಗೋದೂ ಇಲ್ಲ. ದೇವರ ಹತ್ತಿರದ ಸೀಟು ಯಾರದೋ ಅವರ ಊರಿಗೇ ರಸ್ತೆಯಿಲ್ಲ! ಬೆಟ್ಟಕ್ಕೆ ಲಕ್ಷಗಟ್ಟಲೆ ಭಕ್ತರು ಬರ್ತಾರೆ, 2025ರ ಏಪ್ರಿಲ್ 24ಕ್ಕೆ ಇಡೀ ರಾಜ್ಯ ಸಂಪುಟವೇ ಬೆಟ್ಟಕ್ಕೆ ಬಂದು ಸಭೆ ಮಾಡಿತು. ದೇವಸ್ಥಾನದಲ್ಲಿ ಸಿಗೋ ಪಾಲು ಬೇರೆ, ವಿಧಾನಸೌಧದಲ್ಲಿ ಸಿಗೋ ಪಾಲು ಬೇರೆ ಅಂತ ಆ 71 ಅನ್ನೋ ಸಂಖ್ಯೆ ನೋಡಿದಾಗೆಲ್ಲ ಅನ್ನಿಸುತ್ತೆ.

ಹಾಸ್ಟೆಲಿಗೆ ವಾಪಸ್ ಬಂದ ಮೇಲೆ ಮಾರ್ಟಳ್ಳಿ ಎರಡು ವಾರ ಮಾತಾಡಲಿಲ್ಲ. ಎಂಟು ಅಡಿ ಅಗಲದ ರೂಮಲ್ಲಿ ಮಾತಾಡದೇ ಇರೋದು ಎಷ್ಟು ಕಷ್ಟ ಅಂತ ಅನುಭವಿಸಿದವರಿಗೇ ಗೊತ್ತು. ಚಾರ್ಜರ್ ಬೇಕಾದರೂ ಪಕ್ಕದ ರೂಮಿಂದ ತರ್ತಿದ್ದ. ಕೊನೆಗೆ ಒಂದು ರಾತ್ರಿ ಕರೆಂಟ್ ಹೋಗಿತ್ತು. ಕತ್ತಲಲ್ಲಿ ನಾನು ಸಾರಿ ಅಂದೆ.

ಸ್ವಲ್ಪ ಹೊತ್ತು ಬಿಟ್ಟು ಅವನು, "ನಮ್ ಪಾಟಿ ಸಮಾಧಿ ಮೇಲೆ ಶಿಲುಬೆ ಇದೆ," ಅಂದ. "ಕೂಲಿ ಮಾಡಿ ದುಡ್ಡು ಕೂಡಿಟ್ಟು, ಸಾಯೋಕೆ ಮೊದ್ಲೇ ಕಲ್ಲು ಕೆತ್ತಿಸಿ ಇಟ್ಕೊಂಡಿದ್ರು. ಅದನ್ನ ಕಿತ್ತಾಕಿ ಅಪ್ಪ ಓಟು ಕೇಳ್ಬೇಕಾ?"

ನಾನು ಏನೂ ಹೇಳಲಿಲ್ಲ. ಹೇಳೋಕೆ ಏನೂ ಇರಲಿಲ್ಲ.

ಸಮಾಧಿಯ ಮಾತು ಸುಮ್ಮನೆ ಬಂದಿದ್ದಲ್ಲ ಅಂತ ಆಮೇಲೆ ಗೊತ್ತಾಯ್ತು. ಅವನು ಕೇರಳದ ದೇವಿಕುಳಂ ಕೇಸು ಪೂರ್ತಿ ಓದಿಕೊಂಡಿದ್ದ. ಅದೂ ಬೆಟ್ಟದ ಸೀಮೆ, ಟೀ ತೋಟದ ತಮಿಳು ಜನ, ಪರಿಶಿಷ್ಟ ಜಾತಿ ಮೀಸಲು ಕ್ಷೇತ್ರ. 2021ರಲ್ಲಿ ಸಿಪಿಎಂನ ಎ. ರಾಜಾ ಗೆದ್ದರು. ಅವರು ಕ್ರೈಸ್ತರು ಅಂತ ಸೋತವರು ಕೋರ್ಟಿಗೆ ಹೋದರು. ಚರ್ಚಿನ ರಿಜಿಸ್ಟರು, ಮನೆಯವರನ್ನ ಮಣ್ಣು ಮಾಡಿದ ದಾಖಲೆ, ಮದುವೆ ಫೋಟೊ ಎಲ್ಲ ಸಾಕ್ಷಿ. 2023ರ ಮಾರ್ಚಲ್ಲಿ ಕೇರಳ ಹೈಕೋರ್ಟ್ ಆಯ್ಕೆಯನ್ನ ರದ್ದು ಮಾಡಿತು. 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಅದನ್ನ ತಿರುಗಿಸಿ, ಆಯ್ಕೆ ಸರಿ ಅಂದಿತು. ನಾಲ್ಕು ವರ್ಷ ಒಬ್ಬ ಶಾಸಕನ ಮದುವೆ ಆಲ್ಬಮ್ಮು ಕೋರ್ಟಲ್ಲಿ ಕೂತಿತ್ತು.

ನಾನು ಕೊಳ್ಳೇಗಾಲದ ಟೀ ಅಂಗಡೀಲಿ 'ನಮ್ಮಲ್ಲಿ ಧರ್ಮ ಕೇಳಲ್ಲ' ಅಂದಿದ್ದೆ ಅಲ್ವಾ? ಕೇಳ್ತಾರೆ. ಸಂವಿಧಾನದ 325ನೇ ವಿಧಿ ಮತಪಟ್ಟಿಗೆ ಸೇರಿಸುವಾಗ ಧರ್ಮ ನೋಡಬೇಡಿ ಅನ್ನುತ್ತೆ, ಅದು ಸರಿ. ಓಟು ಹಾಕೋ ಬಾಗಿಲಲ್ಲಿ ಕೇಳಲ್ಲ. ನಿಲ್ಲೋ ಬಾಗಿಲಲ್ಲಿ, ಅದೂ ದಲಿತರನ್ನ ಮಾತ್ರ ಕೇಳ್ತಾರೆ. ಸೋಲಿಗರಲ್ಲಿ ಯಾರಾದರೂ ಕ್ರೈಸ್ತರಾದರೆ ಪರಿಶಿಷ್ಟ ಪಂಗಡದ ಹಕ್ಕು ಹೋಗಲ್ಲ, ಆ ಪಟ್ಟಿಗೆ ಧರ್ಮದ ಷರತ್ತಿಲ್ಲ. ನಾನು ನಾಳೆ ಯಾವ ಧರ್ಮಕ್ಕೆ ಹೋದರೂ ಹನೂರಿನ ಜನರಲ್ ಸೀಟಿಗೆ ನಿಲ್ಲಬಹುದು. ಜನರಲ್ ಸೀಟಿಗೆ ಮಾರ್ಟಳ್ಳಿಯ ಅಪ್ಪನೂ ನಿಲ್ಲಬಹುದು ಅನ್ನಿ. ನಿಂತರೆ ನಮ್ಮ ಬೀದಿಯ ಎಷ್ಟು ಮನೆ ಅವರಿಗೆ ಓಟು ಹಾಕುತ್ತೆ ಅಂತ ನಂಗೆ ಚೆನ್ನಾಗಿ ಗೊತ್ತು.

ಇದಕ್ಕೆ ಇನ್ನೊಂದು ಮಗ್ಗಲೂ ಇದೆ, ಅದನ್ನ ಹೇಳಿದವರು ಪೆರಿಯಪ್ಪನೇ. ಕಳೆದ ಕ್ರಿಸ್‌ಮಸ್‌ಗೆ ನಾನು ಅವರ ಊರಿಗೆ ಹೋಗಿದ್ದೆ. "ಅವನು ನಿಂತ್ರೆ ನಂಗೆ ಸಂತೋಷನೇ ತಂಬಿ," ಅಂದರು. "ಆದ್ರೆ ಇರೋದು ಒಂದು ಸೀಟು. ಚರ್ಚ್ ಸ್ಕೂಲಲ್ಲಿ ಓದಿದ ಹುಡುಗ್ರು ಅವರ ಕಡೆ ಜಾಸ್ತಿ. ಅವರೂ ಬಂದ್ರೆ ನನ್ ಮಗನಿಗೆ ಏನ್ ಉಳಿಯುತ್ತೆ?" ಮಾರ್ಟಳ್ಳಿಯ ಅಪ್ಪ ಪಕ್ಕದಲ್ಲೇ ಕೂತು ಕೇಕ್ ಕತ್ತರಿಸ್ತಿದ್ದರು. ಬೇಜಾರು ಮಾಡಿಕೊಳ್ಳಲಿಲ್ಲ. "ಅಣ್ಣ ಹೇಳೋದ್ರಲ್ಲೂ ನ್ಯಾಯ ಇದೆ," ಅಂದರು. ಇದೇ ಪ್ರಶ್ನೆಗೆ 2007ರಲ್ಲಿ ರಂಗನಾಥ ಮಿಶ್ರಾ ಆಯೋಗ 'ಧರ್ಮದ ಷರತ್ತು ತೆಗೀರಿ' ಅಂದಿತ್ತು. 2022ರಲ್ಲಿ ಕೆ.ಜಿ. ಬಾಲಕೃಷ್ಣನ್ ಅವರ ನೇತೃತ್ವದಲ್ಲಿ ಮತ್ತೊಂದು ಆಯೋಗ ಮಾಡಿದರು. ಷರತ್ತು ತೆಗೀಬೇಕು ಅಂತ ನನ್ನ ಅಭಿಪ್ರಾಯ. ಸೀಟೂ ಜಾಸ್ತಿ ಮಾಡಬೇಕು, ಇಲ್ಲದಿದ್ದರೆ ಆ ಗೋಡೆಯ ಎರಡೂ ಕಡೆಯವರು ಒಂದೇ ತುಂಡಿಗೆ ಕಿತ್ತಾಡ್ತಾರೆ, ನೋಡ್ತಾ ನಿಲ್ಲೋರು ನಮ್ಮಂಥವರು.

ಪಂಚಾಯಿತಿಯಲ್ಲಿ ಒಂದು ಅನುಕೂಲ ಇದೆ. ಮೀಸಲಾತಿ ಸರದಿ ಮೇಲೆ ತಿರುಗುತ್ತೆ. ಒಂದು ಸಲ ಪರಿಶಿಷ್ಟ ಜಾತಿ, ಇನ್ನೊಂದು ಸಲ ಮಹಿಳೆ, ಹಿಂದುಳಿದ ವರ್ಗ ಅ ಅಥವಾ ಬ, ಇಲ್ಲವೇ ಸಾಮಾನ್ಯ. ಕರ್ನಾಟಕದಲ್ಲಿ ಪರಿಶಿಷ್ಟ ಜಾತಿಯಿಂದ ಕ್ರೈಸ್ತರಾದವರು ಹಿಂದುಳಿದ ವರ್ಗದ ಲೆಕ್ಕದಲ್ಲಿ ಬರ್ತಾರೆ, ನಮ್ಮ ಮಾರ್ಟಳ್ಳಿ ಸಿಇಟಿಯಲ್ಲಿ ಸೀಟು ತಗೊಂಡಿದ್ದೂ ಹಾಗೇ. ಹಾಗಾಗಿ ಮುಂದಿನ ಸಲ ಅವರ ಕ್ಷೇತ್ರ 'ಅ' ಆದರೆ, ಅಥವಾ ಸಾಮಾನ್ಯವೇ ಆದರೆ, ಅಪ್ಪ ನಿಲ್ಲೋದು ಅಂತ ಎರಡೂ ಮನೆ ಕೂತು ತೀರ್ಮಾನ ಮಾಡಿದೆ. ಪೆರಿಯಪ್ಪ ಪ್ರಚಾರಕ್ಕೆ ಬರ್ತಾರಂತೆ. ಕರಪತ್ರ ಬರೆಯೋ ಕೆಲಸ ನಂಗೆ ಬಿದ್ದಿದೆ, ಯಾಕೆಂದರೆ ಮಾರ್ಟಳ್ಳಿಯ ಕನ್ನಡ ಒತ್ತಕ್ಷರದಲ್ಲಿ ಎಡವುತ್ತೆ. ಕ್ಯಾಂಪು ಫೋಟೊಶಾಪ್ ಮಾಡ್ತಾನೆ. ಓಟಿಲ್ಲದವನು ಪೋಸ್ಟರ್ ಮಾಡಬಾರದು ಅಂತ ಯಾವ ಕಾನೂನೂ ಇಲ್ಲವಂತೆ, ಅವನೇ ಹುಡುಕಿ ನೋಡಿದ್ದಾನೆ.

ಕರಪತ್ರದಲ್ಲಿ ಹೆಸರು, ನೀರಿನ ಪೈಪು, ಪಿಂಚಣಿ, ಬಸ್ಸು ಎಲ್ಲ ಬರೆದಾಯ್ತು. 'ಮೀಸಲು' ಅನ್ನೋ ಪದದ ಮುಂದೆ ಒಂದು ಜಾಗ ಖಾಲಿ ಬಿಟ್ಟಿದ್ದೀನಿ. ಅವರಪ್ಪ ಭಾನುವಾರ ಪೂಜೆ ಮುಗಿಸಿ ಫೋನ್ ಮಾಡ್ತಾರೆ. ಮಗನ ಊಟ, ಓದು ಕೇಳಿದ ಮೇಲೆ ಫೋನ್ ನನ್ನ ಕೈಗೆ ಬರುತ್ತೆ.

"ತಂಬಿ, ಸರದಿ ಪಟ್ಟಿ ಬಂತಾ?"

"ಇನ್ನೂ ಇಲ್ಲ ಅಂಕಲ್."